‘ತಿಥಿ’ ನೋಡಿ ನಕ್ಕೆವು ಸರಿ, ಯಾರನ್ನು ನೋಡಿ?

ಎರಡನೇ ಇಂಟರ್ನಲ್ಸ್ ಮುಗಿದ ಶನಿವಾರ ಸಂಜೆ ಸಂಘದ ವತಿಯಿಂದ ಸೆಮಿನಾರ್ ಹಾಲ್‌ನಲ್ಲಿ ‘ತಿಥಿ’ ಸಿನಿಮಾ ಇಟ್ಟುಕೊಂಡಿದ್ದೆವು. ಪೋಸ್ಟರ್ ಮೇಲೆ ‘ಅಂತರರಾಷ್ಟ್ರೀಯ ಪ್ರಶಸ್ತಿ ವಿಜೇತ ಕನ್ನಡ ಚಿತ್ರ’ ಅಂತ ದಪ್ಪಕ್ಷರದಲ್ಲಿ ಹಾಕಿದ್ದೇ ನಾವು ಮಾಡಿದ ತಪ್ಪು. ಅವಾರ್ಡ್ ಫಿಲ್ಮ್ ಅಂದ್ರೆ ನಿದ್ದೆ ಬರುತ್ತೆ ಅಂತ ಯಾರೂ ಬರಲಿಲ್ಲ. ಶುರುವಾದಾಗ ಇದ್ದವರು ಕಮಿಟಿಯವರು, ಜೊತೆಗೆ ನಾವು ಎಳೆದುಕೊಂಡು ಬಂದ ರೂಮ್‌ಮೇಟ್‌ಗಳು. ತೆರೆ ಮೇಲೆ ಸೆಂಚುರಿ ಗೌಡ ಬೀದಿ ಬದಿ ಕೂತು ಹೋಗಿಬರೋರನ್ನೆಲ್ಲ ಬೈಯೋಕೆ ಶುರು ಮಾಡಿದ ಮೇಲೆ ಒಳಗಿನ ನಗು ಕಾರಿಡಾರ್‌ಗೆ ಕೇಳಿಸ್ತು. ಅರ್ಧ ಗಂಟೆಯಲ್ಲಿ ಹಿಂದಿನ ಸಾಲಿನವರೆಗೂ ಜನ.

ನಮ್ಮ ಜೊತೆ ಕೂತಿದ್ದ ಮೂರನೇ ವರ್ಷದ ಗೆಳೆಯನೊಬ್ಬ ಮಾತ್ರ ಮೊದಲು ಜೋರಾಗಿ ನಕ್ಕು ಆಮೇಲೆ ಸುಮ್ಮನಾದ. ಮಂಡ್ಯ ಕಡೆಯವನು. ಸಿನಿಮಾ ಮುಗಿದ ಮೇಲೆ ಕ್ಯಾಂಟೀನ್ ಮುಂದೆ ಟೀ ಕುಡೀತಾ, "ಏನೋ, ನಿಮ್ಮೂರ ಭಾಷೆ ಸಿನಿಮಾ, ನೀನೇ ನಗ್ಲಿಲ್ವಲ್ಲೋ" ಅಂದೆವು.

"ನಮ್ಮನೇಲಿ ಈಗ ನಡೀತಿರೋದು ಇದೇ ಕಣ್ರೋ" ಅಂದ.

ಅವನ ತಾತ ತೀರಿಕೊಂಡು ಆರು ವರ್ಷ ಆಯ್ತಂತೆ. ಜಮೀನು ಇನ್ನೂ ತಾತನ ಹೆಸರಲ್ಲೇ ಇದೆ. ದೊಡ್ಡಪ್ಪ ಸಹಿ ಹಾಕ್ತಿಲ್ಲ. ಸತ್ತವರ ಹೆಸರಿನ ಪಹಣಿ ತಂದರೆ ಬ್ಯಾಂಕಿನಲ್ಲಿ ಸಾಲ ಹುಟ್ಟಲ್ಲ. ಅವನ ಮುಂದಿನ ವರ್ಷದ ಫೀಸಿನ ಲೆಕ್ಕ ನಿಂತಿರೋದೂ ಅದೇ ಜಮೀನಿನ ಮೇಲೆ. "ತಮ್ಮಣ್ಣ ಆ ಕಾಗದಕ್ಕೋಸ್ಕರ ಓಡಾಡ್ತಿದ್ರೆ ನೀವೆಲ್ಲ ನಗ್ತಿದ್ರಿ. ನಂಗೆ ನಮ್ಮಪ್ಪನೇ ಕಂಡಂಗಾಯ್ತು."

ಟೀ ತಣ್ಣಗಾಯ್ತು. ಅವತ್ತಿನಿಂದ ಸಂಘದ ಸಭೆಗಳಲ್ಲಿ ಈ ಸಿನಿಮಾದ ಬಗ್ಗೆ ಮಾತು ನಿಂತೇ ಇಲ್ಲ. ಜಗಳವೂ ಆಗಿದೆ. ಕೊನೆಗೆ ಎಲ್ಲರೂ ಒಪ್ಪಿಕೊಂಡ ವಿಷಯ ಒಂದು: ‘ತಿಥಿ’ಗೆ ಸಿಕ್ಕ ಹೊಗಳಿಕೆಯಲ್ಲಿ ಕೊರತೆಯೇನೂ ಇರಲಿಲ್ಲ, ಆದರೆ ಹೊಗಳಿದವರೂ ನಕ್ಕವರೂ ಅದನ್ನು ‘ಯಾರದೋ ಹಳ್ಳಿಯ ಕಥೆ’ ಅಂತ ದೂರ ಇಟ್ಟೇ ನೋಡಿದರು. ನಾವೂ ಹಾಗೇ ನೋಡಿದೆವು. ಅದು ನಮ್ಮ ಮನೆಗಳ ಕಥೆ ಅನ್ನೋದನ್ನ ಹೇಳೋದಕ್ಕೆ ಈ ಬರಹ.

ಸಿನಿಮಾ ನೋಡದೇ ಇರೋರಿಗೆ ಕಥೆ ಚಿಕ್ಕದಾಗಿ ಹೇಳ್ತೇವೆ. ಮಂಡ್ಯ ಜಿಲ್ಲೆಯ ಒಂದು ಹಳ್ಳಿ. ನೂರೊಂದು ವರ್ಷದ ಸೆಂಚುರಿ ಗೌಡ ಒಂದು ದಿನ ಬೀದಿಯಲ್ಲೇ ಬಿದ್ದು ಸಾಯ್ತಾನೆ. ಹನ್ನೊಂದನೇ ದಿನಕ್ಕೆ ತಿಥಿ, ಊರಿಗೆಲ್ಲ ಬಾಡೂಟ. ಆ ಹನ್ನೊಂದು ದಿನದಲ್ಲಿ ನಡೆಯೋದೇ ಸಿನಿಮಾ. ಸತ್ತವನ ಹಿರೀಮಗ ಗಡ್ಡಪ್ಪನಿಗೆ ಸಾವು, ಆಸ್ತಿ ಯಾವುದೂ ಬೇಡ. ಬೀಡಿ ಸೇದ್ಕೊಂಡು, ಟೈಗರ್ ಬ್ರಾಂದಿಯ ಗುಟುಕು ಏರಿಸ್ಕೊಂಡು, ಹೊಲದ ಬದುಗಳ ಮೇಲೆ ನಡೀತಾ ಇರ್ತಾನೆ. ಗಡ್ಡಪ್ಪನ ಮಗ ತಮ್ಮಣ್ಣನಿಗೆ ತಾತನ ಹೆಸರಲ್ಲಿರೋ ಐದು ಎಕರೆ ಮಾರಬೇಕು. ಅದು ತನ್ನ ಹೆಸರಿಗೆ ಬರಬೇಕಾದ್ರೆ ನಡುವೆ ಅಪ್ಪ ಇದ್ದಾನೆ, ಅಪ್ಪ ಯಾವ ಕಾಗದಕ್ಕೂ ತಲೆ ಕೆಡಿಸ್ಕೊಳ್ಳಲ್ಲ. ಅದಕ್ಕೆ ತಮ್ಮಣ್ಣ ಲಂಚ ಕೊಟ್ಟು, ಬದುಕಿರೋ ಅಪ್ಪನ ಹೆಸರಲ್ಲಿ ಮರಣ ಪತ್ರ ಮಾಡಿಸ್ತಾನೆ. ಸತ್ತವನು ಊರಲ್ಲಿ ಓಡಾಡ್ಕೊಂಡಿದ್ರೆ ಹೇಗೆ? ಹಾಗಾಗಿ ಕೈಗೆ ದುಡ್ಡು ಕೊಟ್ಟು ಊರು ಸುತ್ತೋಕೆ ಹೋಗಪ್ಪ ಅಂತ ಬಸ್ ಹತ್ತಿಸ್ತಾನೆ. ಗಡ್ಡಪ್ಪ ಹೋಗಿ ಸೇರ್ಕೊಳ್ಳೋದು ಕುರಿ ಮೇಯಿಸ್ಕೊಂಡು ಊರೂರು ತಿರುಗೋರ ಜೊತೆ. ಇತ್ತ ತಮ್ಮಣ್ಣನ ಮಗ ಅಭಿ ಅದೇ ಕುರಿಗಾಹಿಗಳ ಹುಡುಗಿ ಕಾವೇರಿಯ ಹಿಂದೆ ಬಿದ್ದಿರ್ತಾನೆ. ಮುಂದೆ ಏನಾಗುತ್ತೆ ಅಂತ ನಾವು ಹೇಳಲ್ಲ.

ಒಂದು ಸಾವು, ಮೂರು ತಲೆಮಾರು, ಐದು ಎಕರೆ, ಒಂದು ಸುಳ್ಳು ಕಾಗದ. ಇಷ್ಟು ಸಾಕಾಗಿದೆ.

ಎರಡು ಥರದ ಚಪ್ಪಾಳೆ

ಸಿನಿಮಾಕ್ಕೆ ಮೊದಲು ಚಪ್ಪಾಳೆ ಬಿದ್ದದ್ದು ಮಂಡ್ಯದಲ್ಲಲ್ಲ, ಸ್ವಿಟ್ಜರ್ಲೆಂಡಿನಲ್ಲಿ. 2015ರ ಲೊಕಾರ್ನೋ ಚಿತ್ರೋತ್ಸವದಲ್ಲಿ ಹೊಸ ನಿರ್ದೇಶಕರ ವಿಭಾಗದ ಗೋಲ್ಡನ್ ಲೆಪರ್ಡ್ ಬಂತು, ಜೊತೆಗೆ ಅತ್ಯುತ್ತಮ ಮೊದಲ ಚಿತ್ರದ ಪ್ರಶಸ್ತಿಯೂ ಬಂತು. ನಿರ್ದೇಶಕ ರಾಮ್ ರೆಡ್ಡಿಗೆ ಅದು ಮೊದಲ ಪೂರ್ಣ ಪ್ರಮಾಣದ ಸಿನಿಮಾ. ಆಮೇಲೆ 63ನೇ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿ ಅತ್ಯುತ್ತಮ ಕನ್ನಡ ಚಿತ್ರ ಅಂತ ಆಯ್ಕೆ ಆಯ್ತು. ನ್ಯೂಯಾರ್ಕಿನ ‘ನ್ಯೂ ಡೈರೆಕ್ಟರ್ಸ್, ನ್ಯೂ ಫಿಲ್ಮ್ಸ್’ ಉತ್ಸವದಲ್ಲೂ ತೋರಿಸಿದರು. ಇಷ್ಟೆಲ್ಲ ಆಗಿ 2016ರ ಮೇ ತಿಂಗಳಲ್ಲಿ ನಮ್ಮ ಚಿತ್ರಮಂದಿರಗಳಿಗೆ ಬಂತು.

ದೊಡ್ಡ ನಟರಿಲ್ಲ, ಹಾಡಿಲ್ಲ, ಫೈಟಿಲ್ಲ. ಆದರೂ ಜನ ಬಂದರು, ನಕ್ಕರು, ಮನೆಗೆ ಹೋಗಿ ಬೇರೆಯವರನ್ನ ಕಳಿಸಿದರು. ಪ್ರಶಸ್ತಿ ಬಂದ ಎಷ್ಟೋ ಕನ್ನಡ ಸಿನಿಮಾಗಳಿಗೆ ಥಿಯೇಟರೇ ಸಿಗದೆ ಹೋಗಿರುವಾಗ ಇದು ಸಣ್ಣ ವಿಷಯ ಅಲ್ಲ. ವಿಮರ್ಶಕರೂ ಮೆಚ್ಚಿದರು, ಮಾಮೂಲಿ ಪ್ರೇಕ್ಷಕರೂ ಮೆಚ್ಚಿದರು. ಹೀಗೆ ಎರಡೂ ಕಡೆ ಗೆದ್ದ ಸ್ವತಂತ್ರ ಸಿನಿಮಾಗಳು ನಮ್ಮಲ್ಲಿ ಕಮ್ಮಿ.

ಹಾಗಾದ್ರೆ ನಮ್ಮ ತಕರಾರು ಏನು? ಎರಡೂ ಚಪ್ಪಾಳೆಗಳನ್ನ ಹತ್ತಿರದಿಂದ ಕೇಳಿದರೆ ಎರಡು ಪದ ಪದೇಪದೇ ಕೇಳುತ್ತೆ. ಮೆಚ್ಚಿ ಬರೆದವರ ಪದ ‘ನೈಜ’. ನೋಡಿ ನಕ್ಕವರ ಪದ ‘ಕಾಮಿಡಿ’. ಎರಡೂ ಸುಳ್ಳಲ್ಲ. ಆದರೆ ಎರಡೂ ಅರ್ಧಕ್ಕೇ ನಿಲ್ಲುತ್ತವೆ.

ಮೊದಲು ‘ನೈಜ’ ತಗೊಳ್ಳೋಣ. ಸಿನಿಮಾದಲ್ಲಿ ನಟಿಸಿದವರು ಆ ಕಡೆಯ ಊರಿನ ಜನ, ಮೊದಲು ಕ್ಯಾಮೆರಾ ಮುಂದೆ ನಿಂತವರಲ್ಲ. ಸಿಂಗ್ರಿಗೌಡರು ಸೆಂಚುರಿ ಗೌಡ ಆದರು, ಚನ್ನೇಗೌಡರು ಗಡ್ಡಪ್ಪ ಆದರು, ತಮ್ಮೇಗೌಡರು ತಮ್ಮಣ್ಣ ಆದರು, ಅಭಿಷೇಕ್ ಅಭಿ ಆದ, ಪೂಜಾ ಕಾವೇರಿ ಆದಳು. ಸರಿ. ಆದರೆ ಇದನ್ನ ಹೊಗಳುವಾಗ ‘ಅವರು ನಟಿಸೇ ಇಲ್ಲ, ಇದ್ದ ಹಾಗೇ ಇದ್ದಾರೆ’ ಅನ್ನೋ ಮಾತು ಸಲೀಸಾಗಿ ಬಂದುಬಿಡುತ್ತೆ. ಇದು ಹೊಗಳಿಕೆ ಥರ ಕೇಳಿದರೂ ಒಳಗೊಳಗೇ ಕಡಿಮೆ ಮಾಡೋ ಮಾತು. ರಾಜಧಾನಿಯ ನಟ ರೈತನ ಪಾತ್ರ ಮಾಡಿದರೆ ‘ಅಮೋಘ ಅಭಿನಯ’. ರೈತ ರೈತನ ಪಾತ್ರ ಮಾಡಿದರೆ ‘ಸಹಜವಾಗಿ ಬಂದಿದೆ’. ಯಾಕೆ?

ನಮ್ಮಲ್ಲಿ ಯಾರಿಗಾದರೂ ಕಾಲೇಜ್ ಡೇ ನಾಟಕದಲ್ಲಿ ಎರಡು ನಿಮಿಷ ನಿಂತು ಗೊತ್ತಿದ್ರೆ ಇದು ಅರ್ಥ ಆಗುತ್ತೆ. ಕ್ಯಾಮೆರಾ, ಲೈಟು, ಸುತ್ತ ಹತ್ತಿಪ್ಪತ್ತು ಜನ ಇಟ್ಕೊಂಡು ‘ಇದ್ದ ಹಾಗೇ ಇರೋದು’ ಎಲ್ಲಕ್ಕಿಂತ ಕಷ್ಟದ ಕೆಲಸ. ಅದನ್ನ ಒಂದೇ ಸಲ ಅಲ್ಲ, ಟೇಕ್ ಮೇಲೆ ಟೇಕ್ ಮಾಡಬೇಕು. ಗಡ್ಡಪ್ಪ ಬೆಂಕಿ ಮುಂದೆ ಕೂತು ಕುರಿಗಾಹಿಗಳಿಗೆ ತನ್ನ ಹಳೇ ಕಥೆ ಹೇಳೋ ದೃಶ್ಯ ಇದೆಯಲ್ಲ, ಅಲ್ಲಿ ದನಿ ಏರಲ್ಲ, ಕಣ್ಣೀರಿಲ್ಲ. ಯಾಕೆ ಈ ಮನುಷ್ಯ ಮನೆ ಬಿಟ್ಟು ನಡೀತಾನೇ ಇದ್ದಾನೆ ಅನ್ನೋದು ಆಗ ಗೊತ್ತಾಗುತ್ತೆ. ಅದು ಅಭಿನಯ ಅಲ್ಲ ಅಂದ್ರೆ ಮತ್ತೆ ಯಾವುದು ಅಭಿನಯ?

‘ನೈಜ’ ಅನ್ನೋ ಪದ ಬರವಣಿಗೆಯನ್ನೂ ಮರೆಸಿಬಿಡುತ್ತೆ. ಕ್ಯಾಮೆರಾ ತಗೊಂಡು ಹಳ್ಳಿಗೆ ಹೋದ್ರು, ಕಂಡದ್ದನ್ನ ಚಿತ್ರೀಕರಿಸಿದ್ರು ಅನ್ನೋ ಭಾವನೆ ಬರುತ್ತೆ. ಇದರ ಕಥೆ ಬರೆದದ್ದು ರಾಮ್ ರೆಡ್ಡಿ ಜೊತೆಗೆ ಈರೇಗೌಡ. ಅವರು ಬೆಳೆದದ್ದೇ ಸಿನಿಮಾ ತೆಗೆದ ನೊದೆಕೊಪ್ಪಲಿನಲ್ಲಿ. ಜನರನ್ನ ಮೊದಲು ಹುಡುಕಿಕೊಂಡು, ಅವರಿಗೆ ಹೊಂದೋ ಹಾಗೆ ಪಾತ್ರ ಬರೆದರು. ಪ್ರಾಗ್‌ನಲ್ಲಿ ಸಿನಿಮಾ ಕಲಿತ ಬೆಂಗಳೂರಿನ ಹುಡುಗನ ಕಣ್ಣು, ಊರಲ್ಲೇ ಬೆಳೆದವರ ಕಿವಿ ಎರಡೂ ಸೇರಿದ್ದಕ್ಕೇ ಇದು ಹೀಗೆ ಬಂದಿದೆ ಅಂತ ನಮಗನಿಸುತ್ತೆ. ಪ್ರಶಸ್ತಿ ಸುದ್ದಿಗಳಲ್ಲಿ ಕಣ್ಣಿನ ಹೆಸರು ದೊಡ್ಡದಾಗಿ ಬಂತು, ಕಿವಿಯ ಹೆಸರು ಕೊನೇ ಸಾಲಿಗೆ ಹೋಯ್ತು. ಆ ಈರೇಗೌಡರೇ ಆಮೇಲೆ ‘ಬಳೆಕೆಂಪ’ ನಿರ್ದೇಶಿಸಿದರು. 2018ರಲ್ಲಿ ರಾಟರ್‌ಡ್ಯಾಮ್ ಚಿತ್ರೋತ್ಸವದಲ್ಲಿ ಅದಕ್ಕೆ ಅಂತರರಾಷ್ಟ್ರೀಯ ವಿಮರ್ಶಕರ ಒಕ್ಕೂಟದ ಪ್ರಶಸ್ತಿ ಬಂತು. ಕೈ ಎತ್ತಿ ಹೇಳಿ, ನಮ್ಮ ಕ್ಯಾಂಪಸ್‌ನಲ್ಲಿ ಆ ಹೆಸರು ಕೇಳಿದವರು ಎಷ್ಟು ಜನ? ಸಂಘದ ಸಭೆಯಲ್ಲಿ ಕೇಳಿದಾಗ ಎದ್ದದ್ದು ಎರಡು ಕೈ.

ಇನ್ನೊಂದು ಮಾತು ಇಸಿ ಬ್ರಾಂಚಿನವರಿಗಾಗಿ. ಈ ಸಿನಿಮಾದ ಅರ್ಧ ಕೆಲಸ ಮಾಡಿರೋದು ಶಬ್ದ. ಧ್ವನಿ ವಿನ್ಯಾಸ ನಿತಿನ್ ಲೂಕೋಸ್ ಅವರದ್ದು. ಇಲ್ಲಿ ನಗು, ಟಿ.ವಿ.ಎಸ್. ಗಾಡಿ, ಕುರಿ, ಮೈಕು, ಬೈಗುಳ ಎಲ್ಲ ಒಂದರ ಮೇಲೊಂದು ಬೀಳುತ್ತೆ. ಈಗ ಅಳಿ, ಈಗ ನಗಿ ಅಂತ ಹೇಳಿಕೊಡೋ ಹಿನ್ನೆಲೆ ಸಂಗೀತದ ಒತ್ತಾಸೆ ಇಲ್ಲ. ಹೆಡ್‌ಫೋನ್ ಹಾಕಿಕೊಂಡು ಇನ್ನೊಂದು ಸಲ ನೋಡಿ. ‘ನೈಜ’ ಅನ್ನೋದನ್ನ ಎಷ್ಟು ಕಷ್ಟಪಟ್ಟು ಕಟ್ಟಬೇಕು ಅನ್ನೋದು ಕಿವಿಗೆ ಗೊತ್ತಾಗುತ್ತೆ.

ಇನ್ನು ‘ಕಾಮಿಡಿ’. ಇದರ ವಿಷಯ ಸ್ವಲ್ಪ ಬೇಜಾರಿನದ್ದು. ‘ತಿಥಿ’ ಗೆದ್ದ ಮೇಲೆ ನಮ್ಮ ಚಿತ್ರರಂಗ ಅದರಿಂದ ಕಲಿತದ್ದೇನು? ಇಂಥ ಬರವಣಿಗೆಗೆ ದುಡ್ಡು ಹಾಕಬೇಕು ಅಂತಲ್ಲ, ಗಡ್ಡಪ್ಪನ್ನ ಕರೆಸಬೇಕು ಅಂತ! ಅದೇ ವರ್ಷ ‘ತರ್ಲೆ ವಿಲೇಜ್’ ಬಂತು. ಅದೇ ಮುಖಗಳು, ಅದೇ ಮಂಡ್ಯ ಮಾತು. ಹೀಗೆ ಆ ಹಿರಿಯರನ್ನ ಸಿನಿಮಾದಿಂದ ಸಿನಿಮಾಕ್ಕೆ ಕರ್ಕೊಂಡು ಹೋಗಿ, ಗಡ್ಡ ತೋರಿಸಿ, ಬೈಸಿ, ನಗಿಸಿದರು. ಅವರಿಗೆ ನಾಲ್ಕು ಕಾಸು, ನಾಲ್ಕು ಜನರ ಪ್ರೀತಿ ಸಿಕ್ಕಿದ್ದಕ್ಕೆ ನಮಗೆ ಸಂತೋಷವೇ. ವಯಸ್ಸಾದ ಕಾಲದಲ್ಲಿ ಸಿಕ್ಕ ಅವಕಾಶ ಬಿಡಿ ಅಂತ ಹೇಳೋಕೆ ನಾವ್ಯಾರು? ತಪ್ಪು ಅವರದ್ದಲ್ಲ. ಆದರೆ ‘ತಿಥಿ’ಯ ಗಡ್ಡಪ್ಪ ತಮಾಷೆಯ ತಾತ ಅಲ್ಲ. ಅವನ ಒಳಗೆ ಒಂದು ಗಾಯ ಇದೆ. ಅದನ್ನ ಹೊತ್ತುಕೊಂಡು ನಡೆಯೋದಕ್ಕೇ ಅವನಿಗೆ ಆಸ್ತಿ ಬೇಡ, ಮನೆ ಬೇಡ. ಆ ಗಾಯ ತೆಗೆದುಹಾಕಿ ಗಡ್ಡ ಮಾತ್ರ ಉಳಿಸಿಕೊಂಡರು.

ಉಳಿಸಿಕೊಂಡವರು ನಾವೂ ಹೌದು. ಹಾಸ್ಟೆಲ್ ಗ್ರೂಪ್‌ಗಳಲ್ಲಿ ಸೆಂಚುರಿ ಗೌಡರ ಮುಖ ಸ್ಟಿಕರ್ ಆಗಿ ಓಡಾಡ್ತಿದೆ. ಕಳಿಸೋರಲ್ಲಿ ಸಿನಿಮಾ ನೋಡಿದವರು ಕಮ್ಮಿ. ಮಂಡ್ಯ, ಚಾಮರಾಜನಗರದ ಭಾಷೆ ಮಾತಾಡೋ ಜೂನಿಯರ್ ಬಂದರೆ ‘ಏಯ್, ಗಡ್ಡಪ್ಪನ ಥರ ಮಾತಾಡೋ’ ಅಂತ ರೇಗಿಸೋದನ್ನ ನಾವೇ ಕೇಳಿದ್ದೇವೆ, ನಾವೇ ಮಾಡಿಯೂ ಇದ್ದೇವೆ. ಅವನು ಮುಂದಿನ ವಾರದಿಂದ ನಮ್ಮೆದುರು ಪುಸ್ತಕದ ಕನ್ನಡ ಮಾತಾಡೋಕೆ ಶುರು ಮಾಡ್ತಾನೆ. ಕನ್ನಡ ಸಂಘ ಅಂತ ಬೋರ್ಡ್ ಹಾಕಿಕೊಂಡ ನಾವು ಇದಕ್ಕೆ ನಾಚಿಕೆಪಡಬೇಕು.

ಸತ್ತವರ ಹೆಸರಿನ ಪಹಣಿ

‘ನೈಜ’ವೂ ಆಯ್ತು, ‘ಕಾಮಿಡಿ’ಯೂ ಆಯ್ತು. ಇವೆರಡರ ನಡುವೆ ಕಳೆದುಹೋದದ್ದು ಸಿನಿಮಾದ ವಿಷಯವೇ. ನಮ್ಮ ಪ್ರಕಾರ ‘ತಿಥಿ’ ಸಾವಿನ ಬಗ್ಗೆ ಇರೋ ಸಿನಿಮಾ ಎಷ್ಟೋ, ಕಾಗದದ ಬಗ್ಗೆ ಇರೋ ಸಿನಿಮಾನೂ ಅಷ್ಟೇ.

ಹಳ್ಳಿ ಕಡೆಯಿಂದ ಬಂದವರಿಗೆ ‘ಪೌತಿ ಖಾತೆ’ ಅನ್ನೋ ಮಾತು ಗೊತ್ತಿರುತ್ತೆ. ಜಮೀನಿನ ಯಜಮಾನ ತೀರಿಕೊಂಡ ಮೇಲೆ ಖಾತೆಯನ್ನ ವಾರಸುದಾರರ ಹೆಸರಿಗೆ ಮಾಡಿಸೋದು. ಮರಣ ಪ್ರಮಾಣಪತ್ರ ಬೇಕು, ವಂಶವೃಕ್ಷ ಬೇಕು, ವಾರಸುದಾರರೆಲ್ಲರ ಒಪ್ಪಿಗೆ ಬೇಕು. ಕೇಳೋಕೆ ಮೂರು ಕಾಗದ. ಮಾಡೋಕೆ ಹೋದರೆ ಆ ಮೂರು ಕಾಗದದಲ್ಲಿ ಒಂದು ಸಂಸಾರದ ಮೂವತ್ತು ವರ್ಷದ ಸಿಟ್ಟೆಲ್ಲ ಎದ್ದು ಬರುತ್ತೆ. ತಂಗಿ ಮದುವೆಗೆ ಯಾರು ಎಷ್ಟು ಕೊಟ್ಟರು, ಅಪ್ಪನನ್ನ ಕೊನೇಗಾಲದಲ್ಲಿ ಯಾರು ನೋಡ್ಕೊಂಡರು, ಬೋರ್‌ವೆಲ್ ಕೊರೆಸಿದ ಸಾಲ ಯಾರು ತೀರಿಸಿದರು. ಅದಕ್ಕೇ ಎಷ್ಟೋ ಮನೆಗಳಲ್ಲಿ ಆ ಕೆಲಸವನ್ನೇ ಮುಂದೂಡ್ತಾರೆ. ತಾತನ ಹೆಸರಲ್ಲೇ ಇರಲಿ ಬಿಡು ಅಂತ. ಇಂಥ ಪಹಣಿಗಳು ಎಷ್ಟಿವೆ ಅಂದ್ರೆ, ಸರ್ಕಾರವೇ ಪೌತಿ ಖಾತೆ ಆಂದೋಲನ ಅಂತ ಹೆಸರಿಟ್ಟು ಊರೂರಿಗೆ ಹೋಗಬೇಕಾಗಿ ಬಂದಿದೆ.

ಜನನ ಮರಣ ನೋಂದಣಿ ಕಾಯ್ದೆ ಪ್ರಕಾರ ಸಾವನ್ನ 21 ದಿನದೊಳಗೆ ದಾಖಲಿಸಬೇಕು. ತಿಥಿ 11ನೇ ದಿನಕ್ಕೆ. ಸಿನಿಮಾದ ಹಳ್ಳಿಯಲ್ಲಿ ಊರವರಿಗೆಲ್ಲ 11ನೇ ದಿನದ ಚಿಂತೆ, ತಮ್ಮಣ್ಣನಿಗೆ ಮಾತ್ರ ಕಾಗದದ ಚಿಂತೆ. ಒಂದೇ ಸಾವಿಗೆ ಎರಡು ಲೆಕ್ಕ: ಊರಿನದ್ದು ಒಂದು, ಆಫೀಸಿನದ್ದು ಒಂದು. ಈ ಎರಡು ಲೆಕ್ಕ ತಾಳೆ ಆಗದೇ ಇರೋದರಲ್ಲೇ ಸಿನಿಮಾದ ನಗುವೂ ಇದೆ, ಸಂಕಟವೂ ಇದೆ.

ಸಿ.ಎಸ್. ಮತ್ತು ಐ.ಎಸ್. ಬ್ರಾಂಚಿನವರು ಸ್ವಲ್ಪ ಇತ್ತ ಕೇಳಿ. ಕರ್ನಾಟಕದ ‘ಭೂಮಿ’ ಯೋಜನೆ ಬಗ್ಗೆ ಎಲ್ಲಾದರೂ ಕೇಳಿರ್ತೀರಿ. 2000ದ ಆಸುಪಾಸಿನಲ್ಲಿ ಸುಮಾರು 67 ಲಕ್ಷ ರೈತರ 2 ಕೋಟಿಯಷ್ಟು ಪಹಣಿಗಳನ್ನ ಕಂಪ್ಯೂಟರ್‌ಗೆ ಏರಿಸಿದ ಕೆಲಸ ಅದು. ದೇಶವೇ ತಿರುಗಿ ನೋಡಿತು. ಅದಕ್ಕೂ ಮೊದಲು ಪಹಣಿ ಇರ್ತಿದ್ದದ್ದು ಶಾನುಭೋಗರ ಕಾಲದಿಂದ ಬಂದ ಪುಸ್ತಕಗಳಲ್ಲಿ, ಒಬ್ಬರ ಕೈಯಲ್ಲಿ. ತಾಲೂಕು ಕಚೇರಿ ಕೌಂಟರ್‌ನಲ್ಲಿ ದುಡ್ಡು ಕಟ್ಟಿ ಪ್ರಿಂಟ್ ತಗೊಳ್ಳೋದು ನಿಜವಾಗಿಯೂ ದೊಡ್ಡ ಬದಲಾವಣೆ. ನಾವು ಹೆಮ್ಮೆಪಡೋ ವಿಷಯವೇ. ಆದರೆ ‘ತಿಥಿ’ ನೋಡಿದರೆ ಒಂದು ವಿಷಯ ಗೊತ್ತಾಗುತ್ತೆ. ಡೇಟಾಬೇಸ್ ಎಷ್ಟೇ ಚೆನ್ನಾಗಿರಲಿ, ಅದಕ್ಕೆ ‘ಗಡ್ಡಪ್ಪ ಸತ್ತ’ ಅಂತ ಹೇಳೋದು ಒಂದು ಕಾಗದ. ಆ ಕಾಗದ ಬರೆಯೋದು ಒಬ್ಬ ಮನುಷ್ಯ. ಆ ಮನುಷ್ಯನ ಜೇಬಿಗೆ ದುಡ್ಡು ಇಳಿದರೆ ಬದುಕಿರೋನು ಸತ್ತ. ಹೊಲದ ಬದುವಿನ ಮೇಲೆ ಬ್ರಾಂದಿ ಹೀರ್ತಾ ಹೋಗ್ತಿರೋ ಗಡ್ಡಪ್ಪನಿಗೆ ತಾನು ಸತ್ತಿರೋದೇ ಗೊತ್ತಿಲ್ಲ!

ಇದು ಸಿನಿಮಾದವರು ಹೆಣೆದ ತಮಾಷೆ ಅಂದ್ಕೊಂಡ್ರಾ? ಉತ್ತರ ಪ್ರದೇಶದ ಆಜಂಗಢದ ಲಾಲ್ ಬಿಹಾರಿ ಅನ್ನೋರನ್ನ ಜಮೀನಿನ ಆಸೆಗೆ ಸಂಬಂಧಿಕರೇ ಕಾಗದದಲ್ಲಿ ಸಾಯಿಸಿದ್ದರು. 1975ರಿಂದ 1994ರವರೆಗೆ ಸರ್ಕಾರಿ ದಾಖಲೆಯಲ್ಲಿ ಅವರು ‘ಮೃತ’. ತಾನು ಬದುಕಿದ್ದೇನೆ ಅಂತ ಸಾಬೀತು ಮಾಡೋಕೆ ಹತ್ತೊಂಬತ್ತು ವರ್ಷ ಹೋರಾಡಿ, ತನ್ನಂಥವರದ್ದೇ ಒಂದು ‘ಮೃತಕ ಸಂಘ’ ಕಟ್ಟಿದರು. ಅವರ ಕಥೆಯಿಂದಲೇ 2021ರಲ್ಲಿ ಪಂಕಜ್ ತ್ರಿಪಾಠಿಯವರ ‘ಕಾಗಜ್’ ಸಿನಿಮಾ ಬಂತು. ಅಲ್ಲಿ ಸತ್ತವನು ನಾಯಕ, ಅನ್ಯಾಯದ ವಿರುದ್ಧ ಹೋರಾಡ್ತಾನೆ. ನಮ್ಮ ಗಡ್ಡಪ್ಪ ಹೋರಾಡಲ್ಲ. ಅವನಿಗೆ ಆ ಪುಸ್ತಕದಲ್ಲಿ ತನ್ನ ಹೆಸರೇ ಬೇಡ. ಈ ವ್ಯತ್ಯಾಸಕ್ಕೇ ‘ತಿಥಿ’ ನಮ್ಮನ್ನ ಹೆಚ್ಚು ಕಾಡುತ್ತೆ.

ಹಾಗಂತ ತಮ್ಮಣ್ಣನನ್ನ ವಿಲನ್ ಮಾಡಬೇಡಿ. ನಮ್ಮ ಸಭೆಯಲ್ಲಿ ಅತಿ ಜೋರು ಜಗಳ ಆದದ್ದು ಇದರ ಬಗ್ಗೆಯೇ. ಅರ್ಧ ಜನ ಗಡ್ಡಪ್ಪನ ಪಾರ್ಟಿ. ಬೇಡ ಅಂದವನೇ ದೊಡ್ಡವನು, ಮಗ ದುರಾಸೆಯವನು ಅಂದರು. ನಮ್ಮ ಮಂಡ್ಯದ ಗೆಳೆಯ ಒಂದೇ ಮಾತು ಕೇಳಿದ: "ತಿಥಿ ಖರ್ಚು ಯಾರು ಹಾಕಿದ್ದು?" ಯೋಚಿಸಿ ನೋಡಿ. ಊರಿಗೆಲ್ಲ ಊಟ ಹಾಕಿಸಬೇಕಾದವನು ತಮ್ಮಣ್ಣ. ಕಮಲಕ್ಕನ ಹತ್ತಿರ ಸಾಲಕ್ಕೆ ಕೈ ಚಾಚಿದವನು ತಮ್ಮಣ್ಣ. ಲಂಚ, ಕುರಿ, ಶಾಮಿಯಾನ, ಮಗನ ಪುಂಡಾಟ ಎಲ್ಲ ಅವನ ತಲೆ ಮೇಲೆ. ಅಪ್ಪನಿಗೆ ‘ಬೇಡ’ ಅನ್ನೋ ಸೌಕರ್ಯ ಇದೆ, ಯಾಕಂದ್ರೆ ‘ಬೇಕು’ ಅನ್ನೋ ಹೊರೆ ಹೊರೋಕೆ ಮಗ ಇದ್ದಾನೆ. ತಮ್ಮಣ್ಣ ಮಾಡಿದ್ದು ತಪ್ಪು. ಅವನು ಸುಳ್ಳು ಹೇಳಿದ, ಲಂಚ ಕೊಟ್ಟ, ಹೆತ್ತಪ್ಪನನ್ನ ಕಾಗದದಲ್ಲಿ ಸಾಯಿಸಿದ. ಆದರೂ ಸಿನಿಮಾ ಅವನನ್ನ ಒಂದು ಕ್ಷಣವೂ ಕೀಳಾಗಿ ನೋಡಲ್ಲ. ಕೀಳಾಗಿ ನೋಡಿದವರು ಹಾಲ್‌ನಲ್ಲಿ ಕೂತಿದ್ದ ನಾವು.

ನಾವು ಒಪ್ಪದೇ ಇದ್ದದ್ದು

ಬರೀ ಹೊಗಳಿದರೆ ನಾವೂ ಅದೇ ಚಪ್ಪಾಳೆಯವರ ಜೊತೆ ಸೇರಿದ ಹಾಗಾಗುತ್ತೆ. ಹಾಗಾಗಿ ನಮಗೆ ಸಮಾಧಾನ ಆಗದೇ ಇದ್ದದ್ದನ್ನೂ ಹೇಳ್ತೇವೆ.

ಅಭಿ ಮತ್ತು ಕಾವೇರಿ ಪ್ರಸಂಗ. ಅಭಿ ಅವಳ ಹಿಂದೆ ಹಿಂದೆ ಹೋಗ್ತಾನೆ, ಕಾಡ್ತಾನೆ, ಬಿಡಲ್ಲ. ಸಿನಿಮಾ ಇದನ್ನ ವಯಸ್ಸಿನ ಹುಡುಗಾಟ ಅನ್ನೋ ಹಾಗೆ ನಗುನಗುತ್ತಾ ತೋರಿಸುತ್ತೆ. ನಮ್ಮ ಸಂಘದ ಹುಡುಗಿಯರು ಇಲ್ಲಿ ನಗಲಿಲ್ಲ. "ಸೆಂಚುರಿ ಗೌಡನಿಗೆ ಒಂದು ಕಥೆ ಇದೆ, ಗಡ್ಡಪ್ಪನಿಗೆ ಇದೆ, ತಮ್ಮಣ್ಣನಿಗೆ ಇದೆ. ಕಾವೇರಿಗೆ ಏನಿದೆ? ಅವಳಿಗೆ ಏನು ಬೇಕು ಅಂತ ಯಾರಾದ್ರೂ ಕೇಳಿದ್ರಾ?" ಅಂತ ಒಬ್ಬರು ಕೇಳಿದರು. ಉತ್ತರ ಇರಲಿಲ್ಲ. ಮೂರು ತಲೆಮಾರಿನ ಗಂಡಸರ ಬಗ್ಗೆ ಇಷ್ಟು ಸೂಕ್ಷ್ಮವಾಗಿ ಬರೆದವರು, ಆ ಮನೆಯ ಹೆಂಗಸರನ್ನ ಬಾಗಿಲ ಪಕ್ಕಕ್ಕೇ ನಿಲ್ಲಿಸಿಬಿಟ್ಟಿದ್ದಾರೆ. ಲೇವಾದೇವಿ ಕಮಲಕ್ಕ ಒಬ್ಬಳೇ ಸಮಕ್ಕೆ ನಿಂತು ಮಾತಾಡೋಳು. ಗಡ್ಡಪ್ಪ ಹೇಳೋ ಹಳೇ ಕಥೆಯ ಮಧ್ಯದಲ್ಲೂ ಒಬ್ಬ ಹೆಣ್ಣುಮಗಳಿದ್ದಾಳೆ. ಆ ಕಥೆಯನ್ನ ಅವಳ ಬಾಯಿಂದ ಕೇಳಿದ್ದರೆ ಹೇಗಿರುತ್ತಿತ್ತು?

ಹಳ್ಳಿ ಇರೋದೇ ಹಾಗೆ, ಸಿನಿಮಾ ಇದ್ದದ್ದನ್ನ ತೋರಿಸಿದೆ ಅಂತ ಕೆಲವರು ವಾದ ಮಾಡಿದರು. ಇದೇ ನೋಡಿ ‘ನೈಜ’ ಅನ್ನೋ ಪದದ ಇನ್ನೊಂದು ಅಪಾಯ. ಒಳ್ಳೇದಾದರೆ ಬರೆದವರಿಗೆ ಶಹಬ್ಬಾಸ್, ಕೊರತೆ ಆದರೆ ಹಳ್ಳಿಯ ತಪ್ಪು! ಎಲ್ಲಿ ಕ್ಯಾಮೆರಾ ಇಡಬೇಕು, ಯಾರ ಮುಖದ ಮೇಲೆ ಎಷ್ಟು ಹೊತ್ತು ನಿಲ್ಲಿಸಬೇಕು ಅಂತ ತೀರ್ಮಾನ ಮಾಡೋದು ಹಳ್ಳಿ ಅಲ್ಲ, ಸಿನಿಮಾ ಮಾಡೋರು. ಈ ಪ್ರಶ್ನೆ ಕೇಳೋದರಿಂದ ‘ತಿಥಿ’ ಸಣ್ಣದಾಗಲ್ಲ. ಒಳ್ಳೇ ಸಿನಿಮಾಕ್ಕೆ ಮಾತ್ರ ಇಂಥ ಪ್ರಶ್ನೆ ಕೇಳೋಕೆ ಮನಸ್ಸಾಗುತ್ತೆ.

ಕೊನೆಗೆ ಒಂದು ಹೋಲಿಕೆ. ‘ತಿಥಿ’ ಬಂದ 2016ರ ಕೊನೆಯಲ್ಲೇ ‘ಕಿರಿಕ್ ಪಾರ್ಟಿ’ ಬಂತು. ಎಂಜಿನಿಯರಿಂಗ್ ಕಾಲೇಜು, ಹಾಸ್ಟೆಲ್, ಗ್ಯಾಂಗು. ಅದು ‘ನಮ್ಮ ಕಥೆ’ ಅಂತ ಇವತ್ತಿಗೂ ಪ್ರತಿ ಬ್ಯಾಚಿನವರೂ ಹೇಳ್ತಾರೆ, ನಮಗೂ ಪ್ರಾಣ. ಆದರೆ ಆ ಹಾಸ್ಟೆಲ್ ರೂಮಿಗೆ ನಾವು ಬಂದದ್ದು ಹೇಗೆ? ಅಡ್ಮಿಷನ್ ದಿನ ಅಪ್ಪ ಚೀಲದಿಂದ ತೆಗೆದು ಕೊಟ್ಟ ಡಿ.ಡಿ.ಯ ಹಿಂದೆ ಏನಿತ್ತು? ಕೆಲವರಿಗೆ ಸಂಬಳ, ಕೆಲವರಿಗೆ ಸ್ಕಾಲರ್‌ಶಿಪ್, ಇನ್ನು ಎಷ್ಟೋ ಜನಕ್ಕೆ ಮಾರಿದ ಅರ್ಧ ಎಕರೆ, ಅಡವಿಟ್ಟ ಒಡವೆ, ಇನ್ನೂ ಆಗದ ಪೌತಿ ಖಾತೆ. ‘ಕಿರಿಕ್ ಪಾರ್ಟಿ’ ಶುರುವಾಗೋದಕ್ಕೂ ಮೊದಲು ನಮ್ಮ ಮನೆಗಳಲ್ಲಿ ನಡೆದದ್ದು ‘ತಿಥಿ’.

ರಾಮ್ ರೆಡ್ಡಿ ಎರಡನೇ ‘ತಿಥಿ’ ಮಾಡಲಿಲ್ಲ. ಮನೋಜ್ ಬಾಜಪೇಯಿ ಅವರನ್ನ ಇಟ್ಟುಕೊಂಡು ಪೂರ್ತಿ ಬೇರೆ ಥರದ ಹಿಂದಿ ಸಿನಿಮಾ ಮಾಡಿದರು. ಅದು ಅವರ ದಾರಿ. ಕನ್ನಡದಲ್ಲಿ ಈ ಥರದ ಕೆಲಸ ನಿಂತಿಲ್ಲ. ನಟೇಶ್ ಹೆಗಡೆಯವರ ‘ಪೆದ್ರೊ’, ಜೈಶಂಕರ್ ಆರ್ಯರ್ ಅವರ ‘ಶಿವಮ್ಮ ಯರೇಹಂಚಿನಾಳ’ ಬೂಸಾನ್‌ವರೆಗೆ ಹೋದವು. 2022ರಲ್ಲಿ ‘ಶಿವಮ್ಮ’ನಿಗೆ ಅಲ್ಲಿ ನ್ಯೂ ಕರೆಂಟ್ಸ್ ಪ್ರಶಸ್ತಿಯೂ ಬಂತು. ಮುಂದಿನ ತಿಂಗಳು ‘ಶಿವಮ್ಮ’ ಹಾಕೋಣ ಅಂತ ಸಂಘದಲ್ಲಿ ತೀರ್ಮಾನ ಆಗಿದೆ. ಈ ಸಲ ಪೋಸ್ಟರ್ ಮೇಲೆ ಪ್ರಶಸ್ತಿ ಹೆಸರು ಹಾಕಲ್ಲ. ‘ನೆಟ್‌ವರ್ಕ್ ಮಾರ್ಕೆಟಿಂಗ್‌ಗೆ ಬಿದ್ದ ಒಬ್ಬ ಅಮ್ಮನ ಕಥೆ’ ಅಂತ ಹಾಕ್ತೇವೆ. ಅದಕ್ಕೆ ಬಿದ್ದವರು ನಮ್ಮ ಕ್ಯಾಂಪಸ್‌ನಲ್ಲೂ ಇದ್ದಾರೆ, ಬರ್ತಾರೆ.

ಅಷ್ಟರೊಳಗೆ ಒಂದು ಕೆಲಸ ಮಾಡಿ. ಈ ವಾರ ಊರಿಗೆ ಫೋನ್ ಮಾಡಿದಾಗ ‘ಊಟ ಆಯ್ತಾ, ಹಾಂ ಆಯ್ತು’ ಅಂತ ಇಡಬೇಡಿ. ನಮ್ಮ ಜಮೀನಿನ ಪಹಣಿ ಯಾರ ಹೆಸರಲ್ಲಿದೆ ಅಂತ ಕೇಳಿ. ಜಮೀನು ಇಲ್ಲದ ಮನೆಯಾದರೆ ಯಾಕಿಲ್ಲ, ಯಾವಾಗ ಹೋಯ್ತು ಅಂತ ಕೇಳಿ. ಆನ್‌ಲೈನ್‌ನಲ್ಲಿ ಸರ್ವೆ ನಂಬರ್ ಹಾಕಿ ನೋಡೋದು ನಮಗೆ ಐದು ನಿಮಿಷದ ಕೆಲಸ, ಅಪ್ಪನಿಗೆ ಒಂದು ದಿನದ ಕೂಲಿ ಮತ್ತೆ ಬಸ್ ಚಾರ್ಜು. ನಮ್ಮ ಗೆಳೆಯ ಕಳೆದ ವಾರ ಹಾಗೇ ಪ್ರಿಂಟ್ ತೆಗೆದುಕೊಂಡು ಊರಿಗೆ ಹೋಗಿದ್ದ. ಸೋಮವಾರ ಬೆಳಿಗ್ಗೆ ಲ್ಯಾಬ್ ಹೊತ್ತಿಗೆ ವಾಪಸ್ ಬಂದ. ಏನಾಯ್ತೋ ಅಂದೆವು.

"ದೊಡ್ಡಪ್ಪ ಇನ್ನೂ ಸಹಿ ಹಾಕಿಲ್ಲ ಕಣ್ರೋ" ಅಂದ. ಆಮೇಲೆ ರೆಕಾರ್ಡ್ ಬುಕ್ ತೆಗೀತಾ, "ಆದ್ರೆ ಈ ಸಲ ಕೂರ್ಸಿ ಕಾಫಿ ಕೊಟ್ರು. ತಾತನ ಬಗ್ಗೆ ಒಂದು ಗಂಟೆ ಮಾತಾಡಿದ್ರು" ಅಂದ.